ಹೊಗೆಯ ನಾಲಗೆಯವನು

ಬೆಳಗಾವಿಯ ಖಡೇಬಜಾರಿನ ಹಿಂದಿನ ಗಲ್ಲಿಯಲ್ಲಿ ನಮ್ಮಪ್ಪನ ಅಂಗಡಿ ಇತ್ತು. ಹಳ್ಳಿಗಳಲ್ಲಿ ನಾಟಕ ಆಡುವವರಿಗೆ ಪರದೆ, ಕಿರೀಟ, ಗದೆ, ಗಡ್ಡ-ಮೀಸೆ, ಜರಿಯ ಅಂಗಿ ಬಾಡಿಗೆಗೆ ಕೊಡುವ ಅಂಗಡಿ. ಸುಗ್ಗಿ ಮುಗಿದ ಮೇಲೆ ಖಾನಾಪುರದ ಕಡೆಯಿಂದ ಗಂಡಸರು ಗುಂಪು ಕಟ್ಟಿಕೊಂಡು ಬರುತ್ತಿದ್ದರು. ಕನ್ನಡಿಯ ಮುಂದೆ ನಿಂತು ಕಿರೀಟ ಇಟ್ಟು ನೋಡಿಕೊಂಡು, ಒಬ್ಬರನ್ನೊಬ್ಬರು ಚೇಷ್ಟೆ ಮಾಡಿ, ಟ್ರಂಕುಗಳನ್ನು ಬಸ್ಸಿನ ಟಾಪಿಗೆ ಏರಿಸಿಕೊಂಡು ಹೋಗುತ್ತಿದ್ದರು. ಮಳೆಗಾಲದಲ್ಲಿ ಮಾತ್ರ ಅಂಗಡಿಗೆ ನೊಣವೂ ಬರುತ್ತಿರಲಿಲ್ಲ. ಎಪ್ಪತ್ತರ ದಶಕದ ಮೊದಲಲ್ಲಿ ಅಂಥದೊಂದು ಮಳೆಗಾಲ ಅಪ್ಪ ತಾವೇ ಒಂದು ನಾಟಕ ಬರೆದರು. ಅದರಲ್ಲಿ ಒಬ್ಬ ರಾಕ್ಷಸನನ್ನು ಹುಟ್ಟಿಸಿದರು.

ಅವನ ಹೆಸರು ಧೂಮಜಿಹ್ವ. ಹೊಗೆಯೇ ನಾಲಗೆಯಾದವನು. ನಾಟಕದಲ್ಲಿ ಒಬ್ಬ ರಾಜ ತನ್ನ ಕಿರಿಯ ರಾಣಿಯ ಮೇಲೆ ಇಲ್ಲದ ಅಪವಾದ ಹೊರಿಸಿ ಜೀವಂತ ಸುಡಿಸುತ್ತಾನೆ. ಬೆಂಕಿ ಆರುತ್ತದೆ, ಹೊಗೆ ಮಾತ್ರ ಆರುವುದಿಲ್ಲ. ಊರಿನ ಸುತ್ತ ಸುತ್ತಿ ಸುತ್ತಿ ಆ ಹೊಗೆ ಒಂದು ದಿನ ಮೈ ತಳೆದು ಅರಮನೆಯ ಬಾಗಿಲಲ್ಲಿ ನಿಲ್ಲುತ್ತದೆ. ಆಮೇಲೆ ರಾಜನ ಮನೆತನದಲ್ಲಿ ಒಬ್ಬೊಬ್ಬರೇ ಸಾಯುತ್ತಾರೆ.

ಅಪ್ಪ ಅವನನ್ನು ಬರಿಗಾಳಿಯಿಂದ ಹಿಡಿದು ತರಲಿಲ್ಲ. ಖಾನಾಪುರದ ಕಾಡಂಚಿನ ಊರುಗಳಲ್ಲಿ ವೇತಾಳನ ಕಲ್ಲುಗಳಿವೆ. ನಡುವೆ ಕುಂಕುಮ ಮೆತ್ತಿದ ಒಂದು ದೊಡ್ಡ ಕಲ್ಲು, ಸುತ್ತಲೂ ಅವನ ದಂಡಿನಂತೆ ಸಣ್ಣ ಕಲ್ಲುಗಳು. ಊರು ಕಾಯಲು ತಿರುಗಿ ತಿರುಗಿ ಅವನ ಕಾಲಿನ ಕೆರ ಸವೆಯುತ್ತವೆಂದು ಜನ ಹೊಸ ಕೆರ ಮಾಡಿಸಿ ಇಡುತ್ತಾರೆ. ಅಲ್ಲಿಂದ ಅಪ್ಪ ತಮ್ಮ ರಾಕ್ಷಸನಿಗೆ ಸವೆದ ಕೆರಗಳನ್ನು ತೆಗೆದುಕೊಂಡರು. ಹಿಂದವಾಡಿಯ ನಮ್ಮ ಮನೆಯ ಬಾಜು ಇದ್ದ ಮರಾಠಿ ಅಜ್ಜಿ ಖವೀಸನೆಂಬ ದೆವ್ವದ ಕತೆ ಹೇಳುತ್ತಿದ್ದಳು. ಕರ್ರಗೆ, ತಾಳೆಮರದಷ್ಟು ಎತ್ತರ, ಸೀಟಿ ಹೊಡೆದರೆ ಬೆನ್ನ ಹಿಂದೆ ಬಂದು ನಿಲ್ಲುವವನು. ಅವನಿಂದ ಎತ್ತರ ಬಂತು. ಕಣ್ಣಿನ ಸುತ್ತಲಿನ ಬಿಳಿ ಚುಕ್ಕೆಗಳು ಬಯಲಾಟದ ರಾಕ್ಷಸರವು. ನಡಿಗೆ ನಮ್ಮ ಗಲ್ಲಿಯ ಗರಡಿಮನೆಯ ಒಬ್ಬ ಮುದಿ ಪೈಲ್ವಾನನದು. ಅಪ್ಪ ಇದನ್ನೆಲ್ಲ ಮುಚ್ಚಿಡುತ್ತಿರಲಿಲ್ಲ. ಯಾವ ಮೂಗು ಎಲ್ಲಿಯದೆಂದು ಬಂದವರಿಗೆಲ್ಲ ತೋರಿಸಿ ನಗುತ್ತಿದ್ದರು.

ಮುಖವಾಡವನ್ನೂ ತಾವೇ ಮಾಡಿದರು. ರದ್ದಿ ಕಾಗದ ನೆನೆಸಿ, ಮೆಂತ್ಯ ರುಬ್ಬಿ ಸೇರಿಸಿ, ಅವ್ವನ ಹಿಟ್ಟಿನ ಬುಟ್ಟಿಯ ಮೇಲೆ ಮೆತ್ತಿ ಒಣಗಿಸಿದರು. ನಾಲಗೆಗೆ ಸೈಕಲ್ಲಿನ ಹಳೆಯ ಟ್ಯೂಬು ಕತ್ತರಿಸಿ ಕೆಂಪು ಬಳಿದರು. ಅದರ ಹಿಂದೆ ಲೋಬಾನದ ಒಂದು ಸಣ್ಣ ಮಣ್ಣಿನ ಬಟ್ಟಲು. ಪಾತ್ರಧಾರಿ ಜೋರಾಗಿ ಉಸಿರು ಬಿಟ್ಟರೆ ಬಾಯಿಂದ ಹೊಗೆ ಬರುತ್ತಿತ್ತು.

ನನಗೊಬ್ಬಳು ಅಕ್ಕ. ನನಗಿಂತ ಐದು ವರ್ಷ ದೊಡ್ಡವಳು. ನಮ್ಮ ಹಿತ್ತಲಲ್ಲಿ ನಾಟಕದ ತಾಲೀಮು ನಡೆಯುವಾಗ ಮಾತು ಮರೆತವರಿಗೆ ಹಿಂದಿನಿಂದ ಹೇಳಿಕೊಡುವ ಕೆಲಸ ಅವಳದು. ಎಲ್ಲರ ಮಾತೂ ಅವಳಿಗೆ ಬಾಯಿಪಾಠವಾಗಿತ್ತು. ರೊಟ್ಟಿ ಬಡಿಯುತ್ತ ರಾಜನ ಮಾತು ಒಂದು ದನಿಯಲ್ಲಿ, ರಾಕ್ಷಸನದು ಇನ್ನೊಂದು ದನಿಯಲ್ಲಿ ಹೇಳಿ ನಮ್ಮನ್ನೆಲ್ಲ ನಗಿಸುತ್ತಿದ್ದಳು.

ನಾಟಕ ಓಡಿತು. ಆದರೆ ಅದಕ್ಕೆ ಹೆಸರು ತಂದುಕೊಟ್ಟದ್ದು ಒಂದು ರಕ್ತಪಾತ.

ಸಾಂಬ್ರಾದ ಕಡೆಯ ಒಂದು ಹಳ್ಳಿಯಲ್ಲಿ ಅಣ್ಣ-ತಮ್ಮಂದಿರ ಮಕ್ಕಳಿಬ್ಬರು ಈ ನಾಟಕ ಆಡಿದರು. ಒಬ್ಬ ರಾಜ, ಒಬ್ಬ ರಾಕ್ಷಸ. ಇಬ್ಬರಿಗೂ ಹೊಲದ ಬದುವಿನ ಜಗಳ ಇದ್ದದ್ದು ಊರಿಗೆಲ್ಲ ಗೊತ್ತಿತ್ತು. ಕೊನೆಯ ಪ್ರವೇಶದಲ್ಲಿ ರಾಕ್ಷಸ ಗದೆ ಎತ್ತಿ ರಾಜನನ್ನು ಹೊಡೆಯಬೇಕು. ಅಪ್ಪ ಕೊಟ್ಟದ್ದು ಕಾಗದದ ಗದೆ. ಅವನು ಅದನ್ನು ಬಿಸಾಕಿ, ಪರದೆಯ ಹಿಂದಿದ್ದ ಗುಂಡುಗಲ್ಲೊಂದನ್ನು ಎತ್ತಿಕೊಂಡು ಬಂದು ಮುಖಕ್ಕೆ ಅಪ್ಪಳಿಸಿದ. ರಾಜನ ದವಡೆ ಮುರಿದು ಹಲ್ಲುಗಳು ಹಲಗೆಯ ಮೇಲೆ ಬಿದ್ದವು. ಜನ ಅದೂ ಆಟವೆಂದು ತಿಳಿದು ಚಪ್ಪಾಳೆ ತಟ್ಟಿದರು. ಕಲ್ಲು ಮತ್ತೆ ಮೇಲೆದ್ದಾಗ, ಹಾಡುವವರ ಕಡೆಯಿಂದ ಯಾರೋ ಹಾರಿ ಅವನ ಕೈ ಹಿಡಿದರು. ಮರುದಿನ ಹಿರಿಯರ ಮುಂದೆ ಅವನು ಹೇಳಿದ್ದು ಒಂದೇ ಮಾತು. ಮುಖವಾಡ ಹಾಕಿಕೊಂಡ ಮೇಲೆ ನನ್ನ ಕೈ ನನ್ನ ಮಾತು ಕೇಳಲಿಲ್ಲ.

ಊರು ಅದನ್ನು ನಂಬಿತು. ನಂಬಿದರೆ ಎರಡೂ ಮನೆಗಳಿಗೆ ಅನುಕೂಲವಿತ್ತು. ಅಪ್ಪ ಮಾತ್ರ, ಹೊಲದ ಬದುವಿಗೆ ರಾಕ್ಷಸನ ಸಾಕ್ಷಿ ಹಾಕಿಸಿದರು ನೋಡು ಎಂದು ಅವ್ವನ ಮುಂದೆ ಬೇಸರ ಮಾಡಿಕೊಂಡರು. ಆದರೆ ಅಲ್ಲಿಂದ ಮುಂದೆ ಆ ಮುಖವಾಡ ಕೇಳಿಕೊಂಡು ಬರುವವರು ಹೆಚ್ಚಾದರು. ಹಾಕಿಕೊಳ್ಳುವ ಮುಂಚೆ ತೆಂಗಿನಕಾಯಿ ಒಡೆಯುವ ಪದ್ಧತಿ ಶುರುವಾಯಿತು. ಖಾನಾಪುರದ ಮರಾಠಿ ನಾಲಗೆಯಲ್ಲಿ ಅವನು ಧುಮ್‌ಜಿವ್ಯಾ ಆದ. ಕಟ್ಟಿಗೆ ಸಾಗಿಸುವ ಒಂದು ಲಾರಿಯ ಹಿಂದೆ ಅವನ ಮುಖ ಬರೆಸಿದ್ದನ್ನು ನಾನು ರೈಲು ಗೇಟಿನ ಹತ್ತಿರ ಕಂಡೆ. ಉಣ್ಣದ ಮಕ್ಕಳನ್ನು ತಾಯಂದಿರು ಅವನ ಹೆಸರು ಹೇಳಿ ಹೆದರಿಸುತ್ತಿದ್ದರು.

ಅಕ್ಕನನ್ನು ಖಾನಾಪುರದ ಆಚೆಯ ಬೀಡಿ ಎಂಬ ಊರಿಗೆ ಕೊಟ್ಟೆವು. ಒಳ್ಳೆಯ ಹೊಲವಿದ್ದ, ನಮ್ಮದೇ ಲಿಂಗವಂತ ಮನೆತನ. ಭಾವ ನೋಡಲು ಗಟ್ಟಿಮುಟ್ಟಾದ ಆಳು, ಮಾತು ಕಡಿಮೆ. ಆ ಕಡಿಮೆ ಮಾತನ್ನು ನಾವು ಸಭ್ಯತೆ ಎಂದುಕೊಂಡೆವು. ಮದುವೆಯಾದ ಮರುವರ್ಷ ಪಂಚಮಿಗೆ ಬಂದಾಗ ಅಕ್ಕ ಕುಬಸದ ತೋಳು ಮೊಣಕೈ ದಾಟಿಸಿ ಹೊಲಿಸಿಕೊಂಡಿದ್ದಳು. ಇಷ್ಟುದ್ದ ತೋಳು ಯಾಕೆ ಎಂದು ಅವ್ವ ಕೇಳಿದ್ದಕ್ಕೆ ಅಲ್ಲಿ ಹಾಗೇ ಪದ್ಧತಿ ಎಂದಳು. ತಲೆಗೆ ಎಣ್ಣೆ ಹಚ್ಚುವಾಗ ಅವಳ ನೆತ್ತಿಯಲ್ಲಿ ಕೂದಲಿಲ್ಲದ ಒಂದು ಜಾಗ ನನ್ನ ಬೆರಳಿಗೆ ಸಿಕ್ಕಿತು. ಅವಳು ನನ್ನ ಕೈ ಸರಿಸಿ, ತಾನೇ ಹಚ್ಚಿಕೊಂಡಳು.

ಅವನು ಹೊಡೆಯುತ್ತಿದ್ದ. ಮಕ್ಕಳಾಗಲಿಲ್ಲವೆಂದು ಹೊಡೆಯುತ್ತಿದ್ದ. ಬಾವಿಯಿಂದ ತಡವಾಗಿ ಬಂದರೆ ಯಾರ ಸಂಗಡ ಮಾತಾಡಿದಿ ಎಂದು ಹೊಡೆಯುತ್ತಿದ್ದ. ಎತ್ತಿಗೆ ಹೊಡೆಯುವ ಬಾರುಕೋಲು ಬಾಗಿಲ ಹಿಂದೆ ತೂಗುಹಾಕಿರುತ್ತಿತ್ತಂತೆ. ಇದೆಲ್ಲ ನಮಗೆ ಗೊತ್ತಾದದ್ದು ಆಮೇಲೆ.

ನಾನು ಅಷ್ಟರಲ್ಲಿ ಖಾನಾಪುರದ ಒಂದು ಕನ್ನಡ ಶಾಲೆಯಲ್ಲಿ ಟೀಚರಾಗಿದ್ದೆ. ಬೆಳಿಗ್ಗೆ ಬೆಳಗಾವಿಯಿಂದ ರೈಲಿನಲ್ಲಿ ಹೋಗಿ ಸಂಜೆ ಮರಳುತ್ತಿದ್ದೆ. ಒಂದು ದಿನ ಮಧ್ಯಾಹ್ನದ ಬಿಡುವಿನಲ್ಲಿ, ನನ್ನ ಶಾಲೆಯ ಒಬ್ಬ ಹುಡುಗಿಯ ತಾಯಿ, ಬೀಡಿ ತವರಾಗಿದ್ದವಳು, ಬಂದು ಕಟ್ಟೆಯ ಮೇಲೆ ಕುಳಿತಳು. ಸೆರಗಿನ ಚುಂಗು ತಿರುವುತ್ತ ಹೇಳಿದಳು.

"ಅಕ್ಕೋರ, ತಪ್ಪ ತಿಳಕೋಬ್ಯಾಡ್ರಿ. ನಿಮ್ಮಕ್ಕಗ ಧುಮ್‌ಜಿವ್ಯಾ ಹಿಡದಾನಂತ. ಗಂಡನ ಕೈ ಮುರದಾಳ. ಅಮಾಸಿಗಿ ಕಾಡಿನ ದೇವರುಷಿ ಹಂತೇಕ ಒಯ್ತಾರ. ಆ ದೇವರುಷಿ ಭಾಳ ಹೊಡೀತಾನ್ರಿ."

ದೇವರುಷಿ ಎಂದರೆ ಆ ಕಡೆ ಮೈಮೇಲಿನ ದೆವ್ವ ಬಿಡಿಸುವವನು. ನನಗೆ ಹೆದರಿಕೆಗಿಂತ ಮೊದಲು ಬಂದದ್ದು ಅಚ್ಚರಿ. ಅವ್ವನ ಹಿಟ್ಟಿನ ಬುಟ್ಟಿಯ ಮೇಲೆ ಒಣಗಿದವನು ನಮ್ಮಕ್ಕನ ಮೈಯೊಳಗೆ ಹೇಗೆ ಹೊಕ್ಕ?

ನಡೆದದ್ದು ಇಷ್ಟು. ಒಂದು ಮಧ್ಯಾಹ್ನ ಭಾವ ಬಾರುಕೋಲು ತೆಗೆದುಕೊಂಡು ಅಡುಗೆಮನೆಗೆ ಹೊಕ್ಕಿದ್ದ. ಅಕ್ಕ ಮೂಲೆಗೆ ಸರಿದಳು. ಸರಿಯಲು ಇನ್ನು ಜಾಗವಿಲ್ಲದಾಗ ಅವಳ ಗಂಟಲಿಂದ, ನಾನು ಧೂಮಜಿಹ್ವ ಎಂಬ ಗಂಡು ದನಿ ಬಂತು. ಗೋಡೆಗೆ ಆನಿಸಿದ್ದ ಒನಕೆ ಎತ್ತಿ, ಅವನ ಬಲಗೈಗೆ ಒಂದೇ ಏಟು ಹಾಕಿದಳು. ಎಲುಬು ಮುರಿದ ಸಪ್ಪಳ ಪಡಸಾಲೆಯಲ್ಲಿದ್ದ ಅತ್ತೆಗೂ ಕೇಳಿಸಿತಂತೆ. ಅವನು ಓಡಿದ. ಅದಾಗಿ ಒಂದು ವಾರ ಆ ಮನೆಯಲ್ಲಿ ಯಾರೂ ಅವಳನ್ನು ಮುಟ್ಟಲಿಲ್ಲ. ಆದರೆ ಹೆದರಿದ ಮನೆ ಸುಮ್ಮನೆ ಕೂರುವುದಿಲ್ಲ.

ಅಮಾವಾಸ್ಯೆಯ ದಿನ ನಾನೂ ಅಪ್ಪನೂ ಬೆಳಗಿನ ರೈಲಿಗೆ ಖಾನಾಪುರಕ್ಕೆ ಹೋಗಿ, ಅಲ್ಲಿಂದ ಬೀಡಿಯ ಬಸ್ಸು ಹಿಡಿದೆವು. ಬೀಡಿಯಿಂದ ಕಾಡಂಚಿಗೆ ನಡೆದೇ ಹೋಗಬೇಕು. ಅಪ್ಪ ದಾರಿಯುದ್ದಕ್ಕೂ ಮಾತಾಡುತ್ತಿದ್ದರು. ನಾನು ಹೋಗಿ ತಿಳಿಸಿ ಹೇಳಿದರೆ ಆಯಿತು, ನಾಟಕದ ಮಾತೆಂದು ಗೊತ್ತಾದರೆ ಅವರೇ ನಗುತ್ತಾರೆ ಎಂದರು. ಬಿಸಿಲು ನೆತ್ತಿಗೆ ಬಂದಾಗ ಆ ಜಾಗ ಮುಟ್ಟಿದೆವು.

ದೊಡ್ಡದೊಂದು ಹುಣಸೆಮರ, ಅದರ ಬಾಜು ತಗಡಿನ ಚಪ್ಪರ. ಮರದ ಬೊಡ್ಡೆಯ ತುಂಬ ಮೊಳೆಗಳು, ಒಂದೊಂದು ಮೊಳೆಗೂ ಕೂದಲಿನ ಗಂಟು. ಜನ ನೆರೆದಿದ್ದರು. ದೇವರುಷಿ ಎಂದರೆ ಜಡೆ, ಬೂದಿ, ಕೆಂಪು ಕಣ್ಣು ಇರಬಹುದೆಂದು ನಾನು ಅಂದುಕೊಂಡಿದ್ದೆ. ಅವನು ಇಸ್ತ್ರಿ ಮಾಡಿದ ಬಿಳಿ ಅಂಗಿ ತೊಟ್ಟ, ಕೈಗಡಿಯಾರ ಕಟ್ಟಿದ, ಮೆಲುದನಿಯ ಮನುಷ್ಯ. ಒಂದೇ ಉಸಿರಿನಲ್ಲಿ ಕನ್ನಡವನ್ನೂ ಮರಾಠಿಯನ್ನೂ ಆಡುತ್ತಿದ್ದ.

ಅಕ್ಕ ಮರದ ಕೆಳಗೆ ಮೊಣಕಾಲೂರಿದ್ದಳು. ಅವಳ ಜಡೆಯನ್ನು ಹಗ್ಗಕ್ಕೆ ಸೇರಿಸಿ ಬೇರಿಗೆ ಬಿಗಿದಿದ್ದರು, ತಲೆ ಎತ್ತಲು ಬರುತ್ತಿರಲಿಲ್ಲ. ಅತ್ತೆ ಅವಳ ಕಾಲುಗಳ ಮೇಲೆ ಕುಳಿತಿದ್ದಳು. ಮುಂದೆ ಕೆಂಡದ ಬೋಗುಣಿ, ಅದರಲ್ಲಿ ಒಣ ಮೆಣಸಿನಕಾಯಿ ಸುಡುತ್ತಿತ್ತು. ಕಂಬಳಿ ಹೊದಿಸಿ ಅವಳ ಮುಖವನ್ನು ಅದರ ಮೇಲೆ ಹಿಡಿಯುತ್ತಿದ್ದರು. ದೂರ ನಿಂತ ನಮಗೇ ಕೆಮ್ಮು ಬಂತು. ಕಂಬಳಿ ತೆಗೆದಾಗ ಅವಳ ಕಣ್ಣು, ಮೂಗು, ಬಾಯಿ ಎಲ್ಲದರಿಂದ ನೀರು ಸುರಿಯುತ್ತಿತ್ತು. ದೇವರುಷಿ ಹುಣಸೆಯ ಹಸಿ ಬರಲಿನಿಂದ ಅವಳ ತೋಳಿಗೆ, ಬೆನ್ನಿಗೆ ಹೊಡೆಯುತ್ತಿದ್ದ. ಸಿಟ್ಟಿನಿಂದಲ್ಲ. ಹತ್ತಿ ಬಡಿಯುವವನಂತೆ, ಒಂದೇ ಹದದಲ್ಲಿ. ಕುಬಸ ಹರಿದು ಬೆನ್ನ ಮೇಲಿನ ಬಾಸುಂಡೆಗಳು ಒಡೆದು ರಕ್ತ ಸೀರೆಯ ನಿರಿಗೆಗೆ ಇಳಿದಿತ್ತು. ಭಾವ ಮುರಿದ ಕೈಯನ್ನು ಜೋಳಿಗೆಗೆ ಹಾಕಿಕೊಂಡು ಒಂದು ಕಲ್ಲಿನ ಮೇಲೆ ಕುಳಿತು ನೋಡುತ್ತಿದ್ದ.

"ಯಾರು ನೀ? ಎಲ್ಲಿಂದ ಬಂದಿ?" ಎಂದು ದೇವರುಷಿ ಕೇಳಿದ.

ಅಕ್ಕ ಹೇಳಿದಳು. "ನಿರಪರಾಧಿಯ ಚಿತೆಯಿಂದ ಬಂದೆ. ಬೆಂಕಿಗೆ ಸಾವುಂಟು, ನನಗಿಲ್ಲ. ಆರದ ಹೊಗೆ ನಾನು."

ನಾನು ಅಪ್ಪನ ಕಡೆ ತಿರುಗಿದೆ. ಅವರ ತುಟಿಗಳು ಅವಳ ಮಾತಿನ ಸಂಗಡವೇ ಅಲುಗುತ್ತಿದ್ದವು. ತಾವು ಬರೆದ ಒಂದೊಂದು ಮಾತೂ ಅವರ ಬಾಯಲ್ಲಿ ಸದ್ದಿಲ್ಲದೆ ಆಡುತ್ತಿತ್ತು. ಆಮೇಲೆ ಅವರು ಜನರನ್ನು ಸರಿಸಿಕೊಂಡು ಮುಂದೆ ಹೋದರು.

"ನಿಲ್ಲಸ್ರಿ. ಇದು ದೆವ್ವದ ಮಾತಲ್ಲ, ನಾ ಬರದ ಮಾತು. ನಾಟಕದ್ದು. ಈ ಹೆಸರು ನಾ ಇಟ್ಟದ್ದು. ಅಕಿ ನನ್ನ ಮಗಳು."

ದೇವರುಷಿ ಹುಣಸೆಬರಲನ್ನು ಕೆಳಗಿಟ್ಟು ಅಪ್ಪನಿಗೆ ಕೈ ಮುಗಿದ. "ನೀವು ಬರದೀರಿ, ಒಪ್ಪಿದೆ. ಬರಸಿದಾವ ಯಾರ್ರಿ?"

ಜನರಲ್ಲಿ ಹೌದು ಹೌದು ಎಂಬ ಗುಜುಗುಜು ಎದ್ದಿತು. ಅಷ್ಟರಲ್ಲಿ ಚಪ್ಪರದ ಗೂಡಿನಲ್ಲಿ ಅಪ್ಪನ ಕಣ್ಣಿಗೆ ಅಕ್ಕನ ಲಿಂಗದ ಕರಡಿಗೆ ಬಿತ್ತು. ಹುಟ್ಟಿದಂದಿನಿಂದ ಅವಳ ಮೈಬಿಟ್ಟು ಇರದಿದ್ದ ಲಿಂಗವನ್ನು ದಾರ ಹರಿದು ತೆಗೆದು, ನಿಂಬೆಹಣ್ಣಿನ ಬಾಜು ಇಟ್ಟಿದ್ದರು. ಅಪ್ಪ ಅತ್ತ ಧಾವಿಸಿದರು. ಭಾವ ಎದ್ದು ಎಡಗೈಯಿಂದ ಅವರ ಕೊರಳಪಟ್ಟಿ ಹಿಡಿದ. ಅಪ್ಪ ಅವನ ಎದೆಗೆ ಗುದ್ದಿದರು. ಹಿಂದಿನಿಂದ ಯಾರೋ ಬಡಿಗೆ ಬೀಸಿದರು. ಅಪ್ಪನ ಹಣೆ ಬಿರಿದು, ರಕ್ತ ಹುಬ್ಬು ದಾಟಿ ಕಣ್ಣಿಗೆ ಇಳಿಯಿತು. ಅವರು ಕುರುಡರಂತೆ ಕೈ ಚಾಚಿಕೊಂಡು ಮಣ್ಣಿನಲ್ಲಿ ಕುಳಿತರು.

ನನಗೆ ಆಗ ತಿಳಿದದ್ದು ಒಂದೇ, ಆ ಕೆಂಡ ಅವಳ ಮುಖದ ಮುಂದೆ ಇರಬಾರದು. ಓಡಿ ಹೋಗಿ ಬೋಗುಣಿಯನ್ನು ಕಾಲಿನಿಂದ ಒದ್ದೆ. ಕೆಂಡ ಅತ್ತೆಯ ಸೀರೆಗೂ ನನ್ನ ಪಾದಕ್ಕೂ ಬಿದ್ದವು. ಅವಳು ಚೀರಿಕೊಂಡು ಎದ್ದಳು. ಇಬ್ಬರು ನನ್ನ ರಟ್ಟೆ ಹಿಡಿದು ಎಳೆದು ಚಪ್ಪರದ ಕಂಬಕ್ಕೆ ಒತ್ತಿ ಹಿಡಿದರು. ಒಬ್ಬನ ಮೊಣಕೈಯನ್ನು ನಾನು ಕಚ್ಚಿದೆ, ಬಾಯಿಗೆ ಉಪ್ಪುಪ್ಪು ರಕ್ತ ಬಂತು. ಅವನು ನನ್ನ ಕಪಾಳಕ್ಕೆ ಹೊಡೆದ ಏಟಿಗೆ ಎಡಗಿವಿಯಲ್ಲಿ ಗುಂಯ್ ಎಂದು ಬಹಳ ಹೊತ್ತು ಸದ್ದಾಯಿತು.

ಈ ಗದ್ದಲದಲ್ಲೂ ದೇವರುಷಿ ಕೆಲಸ ಬಿಡಲಿಲ್ಲ. ಹೊಗೆಯ ನಾಲಗೆ ಇದ್ದವನನ್ನು ನಾಲಗೆಯಿಂದಲೇ ಇಳಿಸಬೇಕು ಎಂದು ಜನರಿಗೆ ತಿಳಿಸಿ ಹೇಳಿ, ಅಕ್ಕನ ದವಡೆ ಹಿಡಿದು ಬಾಯಿ ತೆರೆಸಿ ನಾಲಗೆಯ ಮೇಲೆ ಕರ್ಪೂರವಿಟ್ಟು ಹಚ್ಚಿದ. ಅವಳು ಬಾಯಿ ಮುಚ್ಚದಂತೆ ನಡುವೆ ಕಟ್ಟಿಗೆಯ ತುಂಡು ಕೊಟ್ಟಿದ್ದ. ಬಾಯಿಂದ ನಿಜವಾಗಿಯೂ ಹೊಗೆ ಬಂತು. ಮುಂದೆ ನಿಂತಿದ್ದ ಹೆಂಗಸರು ಕೈ ಮುಗಿದರು.

ಆಮೇಲೆ, ಏನು ಬೇಕು ನಿನಗೆ, ಏನು ಕೊಟ್ಟರೆ ಬಿಟ್ಟು ಹೋಗುತ್ತಿ ಎಂದು ಕೇಳಿದ. ನಾಟಕದಲ್ಲಿ ರಾಕ್ಷಸ ರಾಜನ ರಕ್ತ ಕೇಳುತ್ತಾನೆ. ಅಕ್ಕ ಆ ಮಾತು ಹೇಳಲಿಲ್ಲ. ಸುಟ್ಟ ನಾಲಗೆಯಿಂದ, ತೊದಲುತ್ತ, ಆದರೆ ಎಲ್ಲರಿಗೂ ಕೇಳುವಂತೆ ಹೇಳಿದಳು.

"ಈ ದೇಹವನ್ನು ಇದರ ತವರಿನ ಹೊಸ್ತಿಲಿಗೆ ಒಯ್ದು ಬಿಡಿ. ತಿರುಗಿ ಕರೆತರಬೇಡಿ. ಕರೆತಂದರೆ ಇದನ್ನು ಬಿಟ್ಟು ಆ ಗಂಡಸಿನ ಮೈ ಹೊಗುತ್ತೇನೆ."

ಬೆರಳು ಎತ್ತಿ ತೋರಿಸಿದ್ದು ಭಾವನನ್ನು. ಅವನ ಹತ್ತಿರ ನಿಂತಿದ್ದವರು ಒಬ್ಬೊಬ್ಬರಾಗಿ ದೂರ ಸರಿದರು. ಅವನ ತಾಯಿಯೂ ಸರಿದಳು. ಆ ಬಿಸಿಲಿನಲ್ಲಿ, ಹುಣಸೆಬರಲಿನ ಕಡೆ ಒಮ್ಮೆ, ಅಕ್ಕನ ಬಾಯಿಯ ಕಡೆ ಒಮ್ಮೆ ನೋಡುತ್ತ ಅವನು ಒಬ್ಬನೇ ನಿಂತಿದ್ದ. ಒಯ್ರಿ, ಈಗಲೇ ಒಯ್ರಿ ಎಂದು ಅಪ್ಪನಿಗೆ ಹೇಳಿದವನು ಅವನೇ.

ದೇವರುಷಿ ಅವಳ ಕೂದಲಿನ ಒಂದು ಗಂಟು ಕತ್ತರಿಸಿ ಮರಕ್ಕೆ ಮೊಳೆ ಹೊಡೆದ. ಬಿಟ್ಟಿತು ಎಂದು ಜನ ನಿಟ್ಟುಸಿರು ಬಿಟ್ಟರು. ನಾನು ಗೂಡಿನಿಂದ ಕರಡಿಗೆ ತೆಗೆದುಕೊಂಡು ಅವಳ ಕೊರಳಿಗೆ ಕಟ್ಟಿದೆ. ಬೀಡಿಯತನಕ ಒಬ್ಬರು ಚಕ್ಕಡಿಯಲ್ಲಿ ಬಿಟ್ಟರು. ಬಸ್ಸಿನಲ್ಲಿ ನಮ್ಮ ಮೂವರನ್ನು ಕಂಡು ಹಿಂದಿನ ಸೀಟು ತಾನಾಗಿಯೇ ಖಾಲಿಯಾಯಿತು.

ಬೆಳಗಾವಿಯ ದವಾಖಾನೆಯಲ್ಲಿ ಅಕ್ಕ ಬಹಳ ದಿನ ಇದ್ದಳು. ಅಪ್ಪನ ಹಣೆಗೆ ಹೊಲಿಗೆ ಬಿದ್ದವು. ಅಕ್ಕನ ಬೆನ್ನು ಮಾಯಿತು, ನಾಲಗೆ ಪೂರ್ತಿ ಮಾಯಲಿಲ್ಲ. ಳಕಾರ, ಣಕಾರ ಅವಳಿಗೆ ಮತ್ತೆ ಹೊರಳಲಿಲ್ಲ. ಬೆಳಗಾವಿ ಎನ್ನಲು ಬೆಲಗಾವಿ ಎನ್ನುತ್ತಿದ್ದಳು; ಇಲ್ಲಿ ಅವಳ ಮಾತನ್ನು ನಾನೇ ತಿದ್ದಿ ಬರೆದಿದ್ದೇನೆ. ಅವಳು ಗಂಜಿ ಕುಡಿಯುವಷ್ಟು ಚೇತರಿಸಿಕೊಂಡಾಗ ನಾನು ಕೇಳಿದೆ, ಆ ಹೆಸರನ್ನೇ ಯಾಕೆ ಹೇಳಿದೆ ಎಂದು.

"ದೆವ್ವದ ಹೆಸರು ಹೇಳೂತನಾ ಹೊಡೀತಾರ" ಎಂದಳು. "ಯಾರ ಹೆಸರು ಹೇಳ್ಲಿ? ಸತ್ತವರ ಹೆಸರು ಹೇಳಿದ್ರ ಅವರ ಮನಿಮಂದಿಗಿ ತ್ರಾಸು, ಊರಾಗ ತಲಿ ಎತ್ತಾಕ ಬಿಡೂದಿಲ್ಲ. ಅಪ್ಪನ ರಾಕ್ಷಸಗ ಮನಿಮಂದಿ ಯಾರೂ ಇಲ್ಲಲ್ಲ."

ಆಮೇಲೆ ಅವಳು ಅಪ್ಪನ ಅಂಗಡಿಯಲ್ಲಿ ಹೊಲಿಗೆ ಯಂತ್ರದ ಮುಂದೆ ಕುಳಿತಳು. ರಾಜರ ಅಂಗಿಗಳಿಗೆ ಜರಿ ಹಚ್ಚಿದಳು. ಅಪ್ಪ ಆ ನಾಟಕವನ್ನು ಯಾರಿಗೂ ಕೊಡಲಿಲ್ಲ, ಮುಖವಾಡವನ್ನು ಬಾವಿಯ ಬದಿಯ ಕಲ್ಲಿನ ಮೇಲಿಟ್ಟು ಒಡೆದು ಒಲೆಗೆ ಹಾಕಿದರು. ಆದರೆ ರಾಕ್ಷಸ ಅವರ ಕೈ ದಾಟಿ ಹೋಗಿದ್ದ. ಒಂದೆರಡು ವರ್ಷದ ಮೇಲೆ ಬೀಡಿಯ ಕಡೆ ಹೋಗಬೇಕಾಗಿ ಬಂದಾಗ ಅಪ್ಪ ಆ ಹುಣಸೆಮರದ ಹತ್ತಿರ ಹೋಗಿ ಬಂದರು. ಅಲ್ಲಿ ಹೊಸದೊಂದು ಕಲ್ಲು ನಿಂತಿತ್ತಂತೆ, ಕುಂಕುಮ ಮೆತ್ತಿ. ಅದರ ಮುಂದೆ ಜನ ಬೀಡಿ ಹಚ್ಚಿ ಊರಿ ಹೋಗುತ್ತಿದ್ದರಂತೆ, ಊದುಬತ್ತಿಯ ಹಾಗೆ. ಕಲ್ಲಿನ ಹತ್ತಿರ ದನ ಮೇಯಿಸುತ್ತಿದ್ದ ಒಬ್ಬ ಮುದುಕ, ಅಪ್ಪ ಯಾರೆಂದು ತಿಳಿಯದೆ, ಅಪ್ಪನ ಕತೆಯನ್ನು ಅಪ್ಪನಿಗೇ ಹೇಳಿದ. ಹಿಂದೆ ರಾಜರ ಕಾಲದಲ್ಲಿ ಇಲ್ಲೇ ಒಬ್ಬ ರಾಣಿಯನ್ನು ಸುಟ್ಟರು, ನಮ್ಮ ಮುತ್ಯಾನ ಮುತ್ಯಾ ಆ ಹೊಗೆ ಕಂಡಿದ್ದ ಎಂದ. ಮನೆಗೆ ಬಂದ ಅಪ್ಪ ಊಟಕ್ಕೆ ಕುಳಿತವರು ಕೈ ತೊಳೆದು ಎದ್ದುಬಿಟ್ಟರು. "ಸುಟ್ಟ ಜಾಗಾನೂ ತೋರಿಸಿದ" ಎಂದು ಅವ್ವನಿಗೆ ಹೇಳಿದರು.

ಎಂಬತ್ತರ ದಶಕ ಬರುವಷ್ಟರಲ್ಲಿ ಬೇರೆ ಯಾವುದೋ ಮೇಳದವರು ಆ ರಾಕ್ಷಸನನ್ನು ಎತ್ತಿಕೊಂಡರು. ಕಣ್ಣಿನಲ್ಲಿ ಕೆಂಪು ಬಲ್ಬು, ಎದೆಗೆ ಮೈಕು. ಅವನ ನಗುವಿನ ಕ್ಯಾಸೆಟ್ಟು ಖಾನಾಪುರದ ಬಸ್ ನಿಲ್ದಾಣದ ಅಂಗಡಿಯಲ್ಲಿ ಕೇಳಿಸುತ್ತಿತ್ತು. ಅವರ ನಾಟಕದಲ್ಲಿ ಸುಟ್ಟ ರಾಣಿ ಇರಲೇ ಇಲ್ಲ. ರಾಕ್ಷಸ ಚಂದದ ಹೆಣ್ಣುಗಳನ್ನು ಸುಮ್ಮನೆ ಹಿಡಿಯುತ್ತಿದ್ದ, ನಾಯಕ ಬಂದು ಹೊಡೆದು ಬಿಡಿಸುತ್ತಿದ್ದ. ಜನ ಸೀಟಿ ಹಾಕುತ್ತಿದ್ದರು.

ಭಾವ ಇನ್ನೊಂದು ಮದುವೆ ಮಾಡಿಕೊಂಡ. ಹುಡುಗಿ ಬಡವರ ಮನೆಯವಳು, ತಂದೆ ಇಲ್ಲ. ಎಂಬತ್ತರ ದಶಕದ ನಡುವೆ ಒಂದು ದಿನ ಅವಳು ಸತ್ತ ಸುದ್ದಿ ಬಂತು. ಬಾವಿಗೆ ಕಾಲುಜಾರಿ ಬಿದ್ದಳು ಎಂದು ಆ ಮನೆಯವರು ಹೇಳಿದರು. ಆದರೆ ಹೆಣ ತೊಳೆದ ಹೆಂಗಸರು ಬಾಸುಂಡೆ ಬಿದ್ದ ಬೆನ್ನನ್ನೂ ಸುಟ್ಟ ಬಾಯಿಯನ್ನೂ ಕಂಡಿದ್ದರು. ಅವಳಿಗೂ ಧುಮ್‌ಜಿವ್ಯಾನೇ ಹಿಡಿದಿದ್ದನಂತೆ. ಅದೇ ಮರ, ಅದೇ ದೇವರುಷಿ. ಬಹುಶಃ ಅವಳಿಗೆ ಏನು ಕೇಳಬೇಕೆಂದು ತಿಳಿಯಲಿಲ್ಲ, ಅಥವಾ ಕೇಳುವಷ್ಟು ಬಾಯಿ ಉಳಿದಿರಲಿಲ್ಲ.

ಈ ಸುದ್ದಿ ತಂದವಳು ನಾನೇ. ಅಕ್ಕ ಹೊಲಿಯುತ್ತಿದ್ದ ಅಂಗಿಯ ದಾರ ಕಡಿದು, ಎದ್ದು ಸೀರೆ ಬದಲಿಸಿದಳು. ನಾವಿಬ್ಬರೂ ಖಾನಾಪುರಕ್ಕೆ ಹೋದೆವು. ಪೊಲೀಸರ ಮುಂದೆ ಅವಳು ಕುಬಸದ ಹಿಂದಿನ ಗುಂಡಿ ಬಿಚ್ಚಿ ಬೆನ್ನು ತೋರಿಸಿದಳು. ಹುಡುಗಿಯ ತಾಯಿಯೂ ಬಂದಳು. ಹೆಣ ತೊಳೆದವರಲ್ಲಿ ಒಬ್ಬಳು ಹೆದರುತ್ತಲೇ ಕಂಡದ್ದನ್ನು ಹೇಳಿದಳು. ಮೊಕದ್ದಮೆ ಬೆಳಗಾವಿಯ ಕೋರ್ಟಿಗೆ ಬಂತು.

ಎದುರು ಕಡೆಯ ವಕೀಲರು ಅಕ್ಕನನ್ನು ಕೇಳಿದರು, ಇದೇ ದೇವರುಷಿ ನಿಮ್ಮನ್ನು ದೆವ್ವದಿಂದ ಬಿಡಿಸಿದ, ಈಗ ಅವನ ಮೇಲೇ ಹೇಳುತ್ತೀರಾ ಎಂದು. ಅಕ್ಕ ಹೇಳಿದಳು, "ಅವ ಬಿಡಸಲಿಲ್ರಿ. ನಾ ಬಿಡಿಸಿಕೊಂಡೆ."

ಹಾಗಾದರೆ ದೆವ್ವ ಹಿಡಿದಿದೆ ಎಂದು ಊರಿಗೆಲ್ಲ ಸುಳ್ಳು ಹೇಳಿದಿರಿ ಎಂದರು.

"ಹೊಡತಾ ತಪ್ಪಸಾಕ ಹೇಳಿದ್ದು ಸುಳ್ಳು ಆಗ್ತದೇನ್ರಿ?" ಎಂದಳು. ಅವಳ ಉಚ್ಚಾರ ವಕೀಲರಿಗೆ ತಿಳಿಯಲಿಲ್ಲ, ಇನ್ನೊಮ್ಮೆ ಹೇಳಲು ಕೇಳಿದರು. ಅಕ್ಕ ನ್ಯಾಯಾಧೀಶರ ಕಡೆ ತಿರುಗಿ ನಾಲಗೆ ಹೊರಗೆ ಚಾಚಿ ತೋರಿಸಿದಳು. ನಡುವೆ ಬೆಳ್ಳಗೆ ಸುಕ್ಕುಗಟ್ಟಿದ ಗುರುತು. ಕಟಕಟೆಯಲ್ಲಿ ಭಾವನ ಬಲಗೈ ಇನ್ನೂ ಸೊಟ್ಟಗಿತ್ತು. ಅವನು ಅವಳ ಕಡೆ ಒಮ್ಮೆಯೂ ನೋಡಲಿಲ್ಲ. ದೇವರುಷಿಯೊಬ್ಬನೇ, ಹಳೆಯ ಪರಿಚಯದವರನ್ನು ಕಂಡಂತೆ, ನಮಗೆ ಕೈ ಮುಗಿದ.

ಇಬ್ಬರಿಗೂ ಜೈಲಾಯಿತು. ಕೊಲೆಯೆಂದಲ್ಲ, ಸಾಯುವಷ್ಟು ಹೊಡೆದದ್ದಕ್ಕೆ. ಅಪ್ಪ ತೀರ್ಪಿನ ದಿನ ಕೋರ್ಟಿಗೆ ಬರಲಿಲ್ಲ.

ಆ ಸಂಜೆ ಸತ್ತ ಹುಡುಗಿಯ ತಾಯಿ ನಮ್ಮ ಮನೆಗೆ ಬಂದಳು. ಊರಿಗೆ ಹೋಗುವ ಬಸ್ಸು ತಪ್ಪಿತ್ತು. ಅವ್ವ ಅವಳಿಗೆ ಬಿಸಿ ರೊಟ್ಟಿ, ಪುಂಡಿಪಲ್ಯ ಬಡಿಸಿದಳು. ಅವಳು ರೊಟ್ಟಿ ಮುರಿದು ಮುರಿದು ತಾಟಿನಲ್ಲೇ ಇಡುತ್ತಿದ್ದಳು. ಆಮೇಲೆ ಅಕ್ಕನ ಕಡೆ ನೋಡಿ ಕೇಳಿದಳು.

"ತಂಗಿ, ಒಂದು ಮಾತು ಕೇಳ್ತೀನಿ. ಅವ ಮೈಮ್ಯಾಗ ಇದ್ದಾಗ ಹೊಡೆದದ್ದು ಗೊತ್ತಾಗೂದಿಲ್ಲಂತ ಮಂದಿ ಅಂತಾರ. ನನ್ನ ಮಗಳಿಗಿ ನೋವು ಆಗಿರಲಿಕ್ಕಿಲ್ಲ, ಹೌದಿಲ್ಲೋ?"

ಅಪ್ಪ ತಲೆ ತಗ್ಗಿಸಿದರು. ನಾನು ಅಕ್ಕನ ಮುಖ ನೋಡಿದೆ. ಮೆಣಸಿನ ಹೊಗೆಗೆ ನೀರಾದ ಆ ಕಣ್ಣುಗಳು, ಕಂಬಳಿಯೊಳಗಿಂದ ಬಂದ ಆ ಕೂಗು ನನಗೆ ಗೊತ್ತಿತ್ತು. ಅಕ್ಕ ಸರಿದು ಕುಳಿತು ಆ ತಾಯಿಯ ಮೊಣಕಾಲಿನ ಮೇಲೆ ಕೈಯಿಟ್ಟಳು.

"ಇಲ್ಲ ಯವ್ವಾ" ಎಂದಳು. "ಅಕಿಗಿ ಏನೂ ಗೊತ್ತಾಗಿರೂದಿಲ್ಲ."

ತಾಯಿ ತಲೆಯಾಡಿಸಿ, ತಾಟನ್ನು ಹತ್ತಿರ ಎಳೆದುಕೊಂಡು ಉಂಡಳು. ಬೆಳಿಗ್ಗೆ ಅಕ್ಕನೇ ಅವಳನ್ನು ಬಸ್ಸು ಹತ್ತಿಸಿ ಬಂದು, ಅಂಗಡಿಯ ಬಾಗಿಲು ತೆರೆದಳು.